ದುರ್ಗವ್ವನ ಸಕ್ಕರೆ ಸಿಪ್ಪೆ

ನಮ್ಮ ಇಳಕಲ್ಲಿನ ಓಣಿಯಲ್ಲಿ ದುರ್ಗವ್ವ ಕೊಟ್ಟದ್ದನ್ನು ಯಾರೂ ನೇರ ಬಾಯಿಗೆ ಹಾಕಿಕೊಳ್ಳುವುದಿಲ್ಲ. ಮೊದಲು ಮುರಿದು ನೋಡುತ್ತಾರೆ. ಮದುವೆಗೆ ಬಂದ ಬೀಗರ ಹೋಳಿಗೆಯೊಳಗೆ ನೂಲು ಇಡುವುದು ನಮ್ಮ ಹಳೆಯ ಚೇಷ್ಟೆ. ಅವರು ಕಚ್ಚಿ ಎಳೆಯಬೇಕು, ನಾವು ನಗಬೇಕು. ನೇಕಾರರ ಮನೆಯಲ್ಲಿ ನೂಲಿಗೇನು ಬರವೇ? ನಲವತ್ತು ವರ್ಷದಿಂದ ಯಾರ ಮನೆಯ ಮದುವೆಯಾದರೂ ಆ ಹೋಳಿಗೆಗೆ ಕರೆ ಬರುತ್ತಿದ್ದದ್ದು ದುರ್ಗವ್ವನಿಗೇ.

ಹೋದ ವರ್ಷ ಮಗಳು ಸುಮಾಳ ಮದುವೆಯಲ್ಲೂ ಬಿಡಲಿಲ್ಲ. ಶಿರೂರಿನ ಬೀಗತಿ ಬನಶಂಕ್ರವ್ವ ಹೋಳಿಗೆ ಕಚ್ಚಿ ಎಳೆದಳು. ನೂಲಿನ ಜೊತೆ ಅಲುಗಾಡುತ್ತಿದ್ದ ಮುಂದಿನ ಹಲ್ಲೂ ಬಂತು. ಅಲ್ಲೇ ಆಣೆ ಹಾಕಿದಳು: "ಈಕಿ ಕೈಯಾಗಿನ ತಿನಸು ನಮ್ಮ ಹೊಸ್ತಿಲಾ ದಾಟಂಗಿಲ್ಲ!"

ಈಗ ಸುಮಾಗೆ ಮೂರು ತಿಂಗಳು. ಏನು ತಿಂದರೂ ವಾಂತಿ. "ಅವ್ವಾ, ಸಣ್ಣಾಕಿದ್ದಾಗ ಮಾಡಿಕೊಡತಿದ್ದೆಲ್ಲ, ಆ ಸಕ್ರಿ ಸಿಪ್ಪಿ ಬೇಕ" ಎಂದು ಫೋನಿನಲ್ಲಿ ಅತ್ತಳು.

ದುರ್ಗವ್ವ ಬಸ್ ಸ್ಟ್ಯಾಂಡಿನಲ್ಲಿ ಹಣ್ಣಿನ ರಸ ಮಾರುವ ಗೌಸಿಯಾಳ ಹತ್ತಿರ ಮೋಸಂಬಿ ಸಿಪ್ಪೆ ಕೇಳಿದಳು.

"ಸಿಪ್ಪಿ ತಿನ್ನಾಕ ನಿಮಗ ಎಮ್ಮಿ ಇಲ್ಲ, ಆಡ ಇಲ್ಲ. ಮತ್ತ ಯಾವ ಬೀಗರು ಬಂದಾರ್ರಿ?" ಎಂದು ಗೌಸಿಯಾ ನಕ್ಕಳು.

ದುರ್ಗವ್ವ ಮನೆಗೆ ಬಂದು ಸಿಪ್ಪೆ ತೊಳೆದು ಸಮನಾಗಿ ಸಣ್ಣ ಪಟ್ಟಿ ಹೆಚ್ಚಿದಳು. ಮೂರು ಸಲ ನೀರು ಬದಲಿಸಿ ಕುದಿಸಿದ ಮೇಲೆ ಕಹಿ ಇಳಿಯಿತು. ಆಮೇಲೆ ಸಕ್ಕರೆ ಪಾಕದಲ್ಲಿ ಸಣ್ಣ ಉರಿ, ಪಟ್ಟಿ ಗಾಜಿನಂತೆ ಹೊಳೆಯುವ ತನಕ. ಎರಡು ದಿನ ನೆರಳಲ್ಲಿ ಒಣಗಿಸಿ ಸಕ್ಕರೆಯಲ್ಲಿ ಹೊರಳಿಸಿದಳು. ಪಕ್ಕದ ಮನೆಯವಳಾದ ನನಗೊಂದು ಕೊಟ್ಟಳು. ನಾನೂ ಮುರಿದು ನೋಡಿಯೇ ತಿಂದೆ.

"ನೀನೂ ಹಿಂಗ ಮಾಡೂದ ಏನ ಅಕ್ಕಾ?" ಎಂದಳು. ಮುಖ ಸಣ್ಣದಾಗಿತ್ತು. "ಆ ಬೀಗತಿ ಒಳಗ ಬಿಡದಿದ್ರ ನನ್ನ ಮಗಳು ಏನ ತಿನ್ನಬೇಕು?"

ಮರುದಿನ ಇಬ್ಬರೂ ಶಿರೂರಿಗೆ ಹೋದೆವು. ಬನಶಂಕ್ರವ್ವ ಬಾಗಿಲಿಗೇ ಅಡ್ಡ ನಿಂತಳು.

"ನೀವು ಬರ್ರಿ. ಡಬ್ಬಿ ಹೊರಗ ಇರಲಿ."

ಅವಳ ಹಿಂದೆ ಸುಮಾ, ಒಣಗಿದ ಕಡ್ಡಿಯಂತೆ. ದುರ್ಗವ್ವ ಮಗಳನ್ನು ನೋಡಿದಳು. ಹೊರಗಿನ ಕಟ್ಟೆಯ ಮೇಲೆ ಕುಳಿತು ಡಬ್ಬಿ ತೆರೆದಳು.

"ಖರೆ ಹೇಳತೇನ್ರಿ ಬೀಗತಿ. ಇದರಾಗ ಒಂದರಾಗ ನೂಲೈತಿ. ನೀವು ಹುಡುಕ್ರಿ. ಸಿಕ್ರ ನಾ ಡಬ್ಬಿ ವಾಪಸ್ ಒಯ್ತೇನಿ. ಸಿಗದಿದ್ರ ಸುಮಾಗ ಕೊಡ್ರಿ."

"ಹಲ್ಲ ಕಳಕೊಂಡಾಕಿಗೆ ನೂಲ ಗುರ್ತ ಸಿಗಂಗಿಲ್ಲೇನು?" ಎಂದು ಬನಶಂಕ್ರವ್ವ ಹೊರಬಂದಳು. ಒಂದನ್ನು ಮುರಿದಳು, ಬೆಳಕಿಗೆ ಹಿಡಿದಳು. ಸಾಲದೆ ಬಾಯಿಗೆ ಹಾಕಿದಳು. ಇನ್ನೊಂದು. ಮತ್ತೊಂದು. ಆರನೆಯದರ ಹೊತ್ತಿಗೆ ಮುರಿಯುವುದನ್ನು ಬಿಟ್ಟಳು, ಬೆಳಕಿಗೆ ಹಿಡಿಯುವುದನ್ನೂ ಬಿಟ್ಟಳು. ಕಣ್ಣು ಅರ್ಧ ಮುಚ್ಚಿತ್ತು.

"ಅತ್ತೀ, ನೂಲ ಹುಡುಕಾಕತ್ತೀರೋ, ಡಬ್ಬಿ ಖಾಲಿ ಮಾಡಾಕತ್ತೀರೋ?" ಎಂದು ಸುಮಾ ಓಡಿ ಬಂದು ಡಬ್ಬಿ ಕಸಿದಳು. ಅಲ್ಲೇ ಕುಳಿತು ನಾಲ್ಕು ತಿಂದಳು. ನಾವು ಮೂವರೂ ಅವಳ ಗಂಟಲನ್ನೇ ನೋಡುತ್ತ ಕುಳಿತೆವು. ಸ್ವಲ್ಪ ಹೊತ್ತಾಯಿತು. ವಾಂತಿ ಬರಲಿಲ್ಲ. ಐದನೆಯದಕ್ಕೆ ಕೈ ಹಾಕಿದಳು.

"ನೂಲ ಎಲ್ಲೈತ್ರಿ?" ಎಂದು ಬನಶಂಕ್ರವ್ವ ಕೇಳಿದಳು.

"ಇಲ್ಲಽ ಇಲ್ಲರಿ."

ಬನಶಂಕ್ರವ್ವ ಸೆರಗಿನಿಂದ ಬಾಯಿ ಒರೆಸಿಕೊಂಡು, "ಆಣಿ ಅಂದ್ರ ಆಣಿ. ಹೊಸ್ತಿಲಾ ದಾಟಂಗಿಲ್ಲ. ಡಬ್ಬಿ ಹೊರಗಿನ ಕಟ್ಟಿ ಮ್ಯಾಲಿನ ಗೂಡಿನಾಗ ಇರಲಿ, ಸುಮಾ ದಿನಾ ಇಲ್ಲೇ ಬಂದು ತಿನ್ನಲಿ" ಎಂದಳು. "ಮುಂದಿನ ತಿಂಗಳಾ ಇನ್ನೊಂದು ಡಬ್ಬಿ ತರ್ರಿ. ದೊಡ್ಡದು."

ಊಟ ಮಾಡಿಸಿ, ದಾರಿಗೆಂದು ಹೋಳಿಗೆ ಕಟ್ಟಿಕೊಟ್ಟಳು. ಅವಳು ಹೋಳಿಗೆ ಮಾಡುವಾಗ ಅಡುಗೆಮನೆಯ ನೆಲದ ಮೇಲೆ ಮಗ್ಗದ ನೂಲು ಸುತ್ತಿದ ಕಂಡಿಕೆ ಉರುಳಿದ ಸಪ್ಪಳವಾಗಿತ್ತು. ಹುಟ್ಟಿದಾಗಿನಿಂದ ಕೇಳಿದ ಸಪ್ಪಳ, ನನಗೆ ಗೊತ್ತಾಗದೇ? ಆದರೆ ನಾನು ಹೇಳಲಿಲ್ಲ.

ಬಸ್ಸಿನಲ್ಲಿ ದುರ್ಗವ್ವ, "ಒಮ್ಮಿ ಮನಸ್ಸು ತಿಳಿ ಆತಂದ್ರ ಎಷ್ಟ ಚಲೋ ಹೆಣ್ಣಮಗಳು ನೋಡು" ಎನ್ನುತ್ತ ಹೋಳಿಗೆಯನ್ನು ಮುರಿಯದೆಯೇ ಕಚ್ಚಿದಳು. ಎಳೆದಳು. ಮೊಳದುದ್ದ ಕೆಂಪು ನೂಲು ಬಂತು.

ಕಂಡಕ್ಟರು ತಿರುಗಿ ನೋಡುವಷ್ಟು ನಕ್ಕಳು. ನಕ್ಕು ನಕ್ಕು ಕಣ್ಣೊರೆಸಿಕೊಂಡು ನನ್ನ ಕಡೆ ಇನ್ನೊಂದು ಹೋಳಿಗೆ ಚಾಚಿದಳು.

"ಹಿಡಿ ಅಕ್ಕಾ. ಗೊತ್ತಿದ್ದೂ ಸುಮ್ನ ಕುಂತಾಕಿಗೂ ಒಂದ ಪಾಲ."