ಹಿಲ್ಯಾ ನೆಡದ ಕೋಲು

ಸಾರೆಮಾ ದ್ವೀಪದ ಆ ಊರಿನಲ್ಲಿ ಮೂವತ್ತೊಂದು ವರ್ಷ ಸೈಕಲ್ ತುಳಿದು ಅಂಚೆ ಹಂಚಿದ ಹಿಲ್ಯಾಗೆ, ಒಬ್ಬರ ಕಿವಿಗೆ ಬಿದ್ದದ್ದು ಸಂಜೆಯೊಳಗೆ ಊರಿಗೆಲ್ಲ ಗೊತ್ತಾಗುತ್ತದೆ ಎಂಬುದು ಚೆನ್ನಾಗಿ ತಿಳಿದಿತ್ತು. ಹಾಗಾಗಿ ಹೂವಿನ ಸುದ್ದಿಯನ್ನು ಯಾರ ಬಳಿಯೂ ಬಾಯಿಬಿಡಲಿಲ್ಲ.

ಹೂವೆಂದರೆ ಗೇಣುದ್ದದ ಕಾಡು ಆರ್ಕಿಡ್. ನೆಲದಡಿಯ ಗೆಡ್ಡೆ ಮಗುವಿನ ಅಂಗೈಯಂತಿರುವುದರಿಂದ ಊರಿನವರಿಗೆ ಅದು ಕೈಹೂ. ಹಿಲ್ಯಾ ಚಿಕ್ಕವಳಿದ್ದಾಗ ಅವರ ಹುಲ್ಲುಗಾವಲಿನಲ್ಲಿ ಕಾಲಿಡಲು ಜಾಗವಿಲ್ಲದಷ್ಟು ಬಿಡುತ್ತಿತ್ತು. ಆಮೇಲೆ ದನಗಳು ಹೋದವು, ಹುಲ್ಲು ಕೊಯ್ಯುವವರು ಹೋದರು, ಗಾವಲನ್ನೆಲ್ಲ ಜುನಿಪರ್ ಪೊದೆ ನುಂಗಿತು. ನಿವೃತ್ತಿಯಾದ ಮರುದಿನವೇ ಅವಳು ಗರಗಸ ಹಿಡಿದು ಒಳನುಗ್ಗಿದಳು. ಏಳು ವರ್ಷ ಕಡಿದಳು. ಎರಡು ಗರಗಸ ಹಾಳಾದವು, ಸೊಂಟವೂ ಹೋಯಿತು, ಹೂ ಮಾತ್ರ ಬರಲಿಲ್ಲ. ಎಂಟನೆಯ ಜೂನ್‌ನಲ್ಲಿ ಬಂತು: ನೇರಳೆ ಹೂ ಹೊತ್ತ ಹನ್ನೊಂದು ಕಡ್ಡಿ. ಹಿಲ್ಯಾ ಒದ್ದೆ ಹುಲ್ಲಿನ ಮೇಲೆಯೇ ಕೂತು ಅತ್ತುಬಿಟ್ಟಳು.

ಇನ್ನು ಬೀಜ ಬಲಿತು ಉದುರುವವರೆಗೆ, ಅಂದರೆ ಆಗಸ್ಟ್‌ವರೆಗೆ, ಅಲ್ಲಿ ಕತ್ತಿ ಬೀಳದಿದ್ದರೆ ಸಾಕಿತ್ತು. ಅದಕ್ಕೆ ಊರಿನಲ್ಲೊಂದು ಪದ್ಧತಿಯಿದೆ. ಗಾವಲಿನಲ್ಲಿ ಹಕ್ಕಿಗೂಡೋ ಇನ್ನೇನೋ ಇದ್ದರೆ ಪಕ್ಕದಲ್ಲಿ ಚಿಂದಿ ಕಟ್ಟಿದ ಕೋಲು ನೆಡುತ್ತಾರೆ. ಕೊಯ್ಯುವವರು ಏನು ಎತ್ತ ಎಂದು ಕೇಳದೆ ಅಷ್ಟು ಜಾಗ ಬಿಟ್ಟು ಸುತ್ತಿ ಹೋಗುತ್ತಾರೆ. ಹಿಲ್ಯಾ ಕೋಲು ಕಡಿದಳು, ಹಳೇ ಏಪ್ರನ್ ಹರಿದಳು. ಆಮೇಲೆ ಯೋಚನೆ ಬಂತು: ಕೋಲು ಕಂಡರೆ ಪಕ್ಕದ ಮನೆಯ ಲೈನೆ ಬಂದು ಇಣುಕುತ್ತಾಳೆ. ಲೈನೆ ಇಣುಕಿದರೆ ಮುಗಿಯಿತು, ಭಾನುವಾರ ಕ್ಯಾಮೆರಾದವರ ದಂಡೇ ಬಂದು ಎಲ್ಲ ತುಳಿದುಹಾಕುತ್ತದೆ. ಕೋಲನ್ನು ಒಲೆಗೆ ಹಾಕಿದಳು. ತನ್ನ ಗಾವಲಿಗೆ ತಾನಲ್ಲದೆ ಇನ್ಯಾರು ಬರುತ್ತಾರೆ!

ಜೂನ್ ಕೊನೆಗೆ ಕಣ್ಣಿನ ಪೊರೆ ತೆಗೆಸಲು ಹಡಗು ಹತ್ತಿ ಆಚೆ ದಡದ ಆಸ್ಪತ್ರೆಗೆ ಹೋದಳು. ಐದನೆಯ ದಿನ ಒಂದು ಕಣ್ಣಿಗೆ ಪಟ್ಟಿ ಕಟ್ಟಿಕೊಂಡು ಬಸ್ಸಿಳಿದಾಗ ಹಸಿಹುಲ್ಲು ಕೊಯ್ದ ವಾಸನೆ ಗಮ್ಮೆಂದಿತು. ಅವಳು ಮನೆಗೆ ಹೋಗದೆ ನೇರ ಗಾವಲಿಗೆ ನಡೆದಳು.

ಗಾವಲು ಬೋಳಾಗಿತ್ತು. ಕಲ್ಲುಗೋಡೆಯ ಮೇಲೆ ಲೈನೆ, ಅವಳ ಗಂಡ ಅರ್ವೆಡ್, ಇನ್ನಿಬ್ಬರು ಕೂತು ಕಪ್ಪು ಬ್ರೆಡ್ಡಿನ ಜೊತೆ ಹೊಗೆ ಹಾಕಿದ ಮೀನು ತಿನ್ನುತ್ತಿದ್ದರು.

“ಬಂದ್ಯಾ ಒಕ್ಕಣ್ಣಿ!” ಅರ್ವೆಡ್ ಕೂಗಿದ. “ನೋಡಿಲ್ಲಿ, ಇಷ್ಟು ನುಣ್ಣಗೆ ನಿನ್ ಗಂಡನೂ ಕೊಯ್ದಿರ್ಲಿಲ್ಲ.”

“ಯಾರು ಹೇಳಿದ್ರು ನಿಂಗೆ ಕೊಯ್ಯೋಕೆ?”

“ಹೇಳ್ಬೇಕಾ? ಮನೆಯೋರು ಆಸ್ಪತ್ರೇಲಿದ್ರೆ ಕೊಯ್ಯಲ್ವಾ? ನೀನೇನು ಈ ಊರಿಗೆ ಹೊಸಬಳಾ?”

ಹೊಸಬಳಲ್ಲ, ಅದೇ ಕಷ್ಟ. ಕೇಳದೆ ಕೊಯ್ದುಕೊಟ್ಟವರಿಗೆ ಮನೆಯಲ್ಲಿ ಮಾಡಿದ ಬಿಯರ್ ತಂದು ಸುರಿಯಬೇಕು. ತಕರಾರು ಎತ್ತುವಂತಿಲ್ಲ. ಹಿಲ್ಯಾ ಹಲ್ಲು ಕಚ್ಚಿ ಅಡುಗೆಮನೆಗೆ ನಡೆದಳು.

ಮೇಜಿನ ಮೇಲೆ ಹಾಲಿನ ಹೂಜಿಯಲ್ಲಿ ಕೈಹೂಗಳಿದ್ದವು. ಒಂದೇ ಕಣ್ಣಿನಲ್ಲಿ ಎಣಿಸಿದಳು. ಹನ್ನೊಂದು. ಮತ್ತೆ ಎಣಿಸಿದಳು.

“ಎಷ್ಟು ವರ್ಷ ಆಗಿತ್ತೇ ಇದನ್ನ ನೋಡಿ!” ಹಿಂದಿನಿಂದ ಬಂದ ಲೈನೆ ಹಿಗ್ಗಿದಳು. “ಕತ್ತಿಗೆ ಸಿಕ್ಕಿ ಹಾಳಾಗ್ಬಾರ್ದು ಅಂತ ಒಂದೂ ಬಿಡ್ದೆ ಮುರ್ಕೊಂಡ್ ಬಂದೆ, ನಿಂಗೇ ಅಂತ.”

ಹಿಲ್ಯಾಗೆ ಮೈಯೆಲ್ಲ ಉರಿದುಹೋಯಿತು. “ಬೀಜಕ್ಕೆ ಬಿಟ್ಟಿದ್ದೆ ಕಣೇ! ಎಂಟು ವರ್ಷ!”

ಲೈನೆಯ ಮುಖ ಬಿಳಿಚಿಕೊಂಡಿತು. “ಕೋಲು ಇರ್ಲಿಲ್ವಲ್ಲ ಹಿಲ್ಯಾ,” ಅಂದಳು ಮೆಲ್ಲಗೆ. “ನಾವು ಹುಡುಕಿದ್ವಿ. ಒಂದು ಕೋಲಿದ್ದಿದ್ರೆ ಅರ್ವೆಡ್ ಅರ್ಧ ಗಾವಲೇ ಬಿಟ್ಟುಬಿಡ್ತಿದ್ದ.”

ಹಿಲ್ಯಾ ನೆಲಮಾಳಿಗೆಯಿಂದ ಬಿಯರ್ ತಂದು ನಾಲ್ವರಿಗೂ ಸುರಿದಳು. ಲೋಟ ತುಂಬಿ ಹರಿದು ಅರ್ವೆಡ್‌ನ ಪ್ಯಾಂಟೆಲ್ಲ ಒದ್ದೆಯಾಯಿತು.

ಮರುದಿನ ಹನ್ನೊಂದು ಕೋಲು ಕಡಿದುಕೊಂಡು ಹೋದಳು. ಗೆಡ್ಡೆಯಾದರೂ ಒಳಗಿದೆಯಲ್ಲ, ಮುಂದಿನ ವರ್ಷಕ್ಕೆ ಗುರುತಿರಲಿ ಎಂದು. ಬೋಳು ನೆಲವೆಲ್ಲ ಒಂದೇ ಥರ ಕಾಣುತ್ತಿತ್ತು. ಪಟ್ಟಿಯಿಲ್ಲದ ಒಂದೇ ಕಣ್ಣಿನಲ್ಲಿ ಎಷ್ಟು ಹುಡುಕಿದರೂ ಒಂದು ಮೋಟೂ ಸಿಗಲಿಲ್ಲ. ಕೊನೆಗೆ ಗೋಡೆಯ ಹತ್ತಿರ ಹೋಗಿ ಗಂಟಲು ಹರಿಯುವಂತೆ ಕೂಗಿದಳು:

“ಲೈನೆ! ಎಲ್ಲೆಲ್ಲಿ ಮುರಿದೆ, ಬಂದು ತೋರ್ಸು!”

ಲೈನೆ ಓಡಿಬಂದಳು. ಮೂರು ಜಾಗ ತೋರಿಸಿದಳು. ಉಳಿದ ಎಂಟು ಅವಳಿಗೆ ನೆನಪಿರಲಿಲ್ಲ.