ಅತಿಥಿಯನ್ನು ದೇಶಭಕ್ತ ಎಂದು ಕರೆದದ್ದು

ಹಾರೋಹಳ್ಳಿಯ ಕಾರ್ಖಾನೆಯೊಂದರ ಆಫೀಸಿನಲ್ಲಿ ನಾನು ಕೆಲಸಕ್ಕೆ ಸೇರಿದ ಮರುವರ್ಷ, ಹೊಸ ಗ್ರೈಂಡಿಂಗ್ ಮೆಷಿನ್ ಕೂರಿಸಿಕೊಡಲು ಸ್ಪೇನ್‌ನಿಂದ ಒಬ್ಬ ಎಂಜಿನಿಯರ್ ಬಂದರು. ಇಂಗ್ಲಿಷ್ ಬರುತ್ತದೆಂಬ ಒಂದೇ ತಪ್ಪಿಗೆ ಅವರ ಉಸ್ತುವಾರಿ ನನಗೆ ಗಂಟುಬಿತ್ತು. ಗೇಟಿನ ಬೋರ್ಡಿನ ಮೇಲೆ ಬಣ್ಣದ ಸೀಮೆಸುಣ್ಣದಲ್ಲಿ ‘ಸ್ಪೇನಿನ ಅತಿಥಿಗೆ ಸ್ವಾಗತ’ ಎಂದು ಬರೆದಿದ್ದೆ. ಅದೇನೆಂದು ಕೇಳಿದರು, ಹೇಳಿದೆ.

“ಪಾಸ್‌ಪೋರ್ಟಿನಲ್ಲೂ ಹಾಗೇ ಇದೆ,” ಎಂದು ನಕ್ಕರು. “ಆದರೆ ನಾನು ಬಾಸ್ಕ್, ಸ್ಪೇನಿನ ಉತ್ತರದ ಅಂಚಿನವನು, ನಮ್ಮ ಭಾಷೆಯೇ ಬೇರೆ. ನಮ್ಮಲ್ಲಿ ಎವುಸ್ಕಲ್ದುನ್ ಅನ್ನುತ್ತೇವೆ. ನಮ್ಮ ನುಡಿಯನ್ನು ಉಳ್ಳವನು ಅಂತ.”

ಕ್ಯಾಂಟೀನಿನಲ್ಲಿ ಅಡುಗೆ ಮಾಡುತ್ತಿದ್ದ ಮಾಗಡಿ ಕಡೆಯ ಅಕ್ಕನಿಗೆ ಇದನ್ನು ಹೇಳಿದೆ.

“ಮಾತು ಇರೋನು ಅಂತಲಾ? ಹಂಗಾದ್ರೆ ನಮ್ಮ ಸೂಪರ್‌ವೈಸರ್ರೂ ಅದೇಯ ಕಣವ್ವ, ಬಾಯಿ ಮುಚ್ಚಾಕಿಲ್ಲ.”

ನನಗೋ ಆ ಭಾಷೆಯ ಹುಚ್ಚು ಹತ್ತಿತು. ಸಂಜೆ ಕನಕಪುರದಲ್ಲಿ ಬಸ್ಸಿಳಿದು ಸೈಬರ್ ಕೆಫೆಯಲ್ಲಿ ಕೂತು ಪದ ಹುಡುಕುತ್ತಿದ್ದೆ. ‘ಹೆರ್ರಿ’ ಎಂದರೆ ಊರು, ಜನ, ನಾಡು ಮೂರೂ. ‘ಅಬೆರ್ತ್ಸಾಲೆ’ ಎಂದರೆ ದೇಶಭಕ್ತ. ಆಹಾ, ಎಂಥ ಒಳ್ಳೆಯ ಪದ ಎನಿಸಿತು.

ಮೂರು ವಾರದ ಕೆಲಸ ಮುಗಿದು, ಬೀಳ್ಕೊಡುಗೆಯ ಊಟಕ್ಕೆ ಎಲ್ಲರೂ ಕೂತಾಗ ನಾನು ಎದ್ದು ನಿಂತು, “ನಮ್ಮ ಪ್ರೀತಿಯ ಅಬೆರ್ತ್ಸಾಲೆ,” ಎಂದು ಶುರುಮಾಡಿದೆ. ಎಂಜಿನಿಯರಿಗೆ ಬಸ್ಸಾರು ನೆತ್ತಿಗೇರಿತು. ಕೆಮ್ಮಿ ಕೆಮ್ಮಿ ಕಣ್ಣಲ್ಲಿ ನೀರು ಬಂತು.

ನಾನು ನೀರಿನ ಲೋಟ ಕೊಟ್ಟು ಪಕ್ಕದಲ್ಲಿ ಕೂತೆ. ಅವರು ಮೆಲ್ಲಗೆ ಹೇಳಿದರು: “ನಿಘಂಟಿನಲ್ಲಿ ಅದು ದೇಶಭಕ್ತನೇ. ನಮ್ಮೂರಲ್ಲಿ ಆ ಪದ ಆಡಿದರೆ, ನೀನು ಯಾರಿಗೆ ಓಟು ಹಾಕುತ್ತೀಯ, ಬೇರೆ ದೇಶ ಬೇಕು ಅನ್ನುತ್ತೀಯಾ ಎಂದು ಕೇಳಿಸುತ್ತದೆ. ಬೇರೆ ದೇಶಕ್ಕಾಗಿ ಬಂದೂಕು ಹಿಡಿದವರೂ ಇದ್ದರು, ಕೆಲವರಿಗೆ ಅದರ ಸದ್ದೂ ಕೇಳಿಸುತ್ತದೆ. ನನ್ನ ಅಣ್ಣ ಹೌದು, ನಾನು ಅಲ್ಲ. ಭಾನುವಾರದ ಊಟಕ್ಕೆ ಕೂತಾಗ ಅಮ್ಮ ಆ ಪದವನ್ನೇ ನಿಷೇಧಿಸಿದ್ದಾಳೆ.”

ನಾಚಿಕೆಯಿಂದ ನನಗೆ ತಲೆಯೆತ್ತಲಾಗಲಿಲ್ಲ. ಬಡಿಸುತ್ತಿದ್ದ ಅಕ್ಕ, “ಯಾಕವ್ವಾ, ಖಾರ ಆಗೋಯ್ತಾ?” ಎಂದು ಗಾಬರಿಯಾದಳು. ವಿಷಯ ತಿಳಿಸಿದೆ. ಅವಳು ಸೌಟನ್ನು ಪಾತ್ರೆಯೊಳಗೆ ಬಿಟ್ಟು ಸೊಂಟದ ಮೇಲೆ ಕೈಯಿಟ್ಟಳು.

“ಅಯ್ಯೋ, ಇಷ್ಟೇನಾ? ಎಲೆಕ್ಷನ್ ಬಂತು ಅಂದ್ರೆ ನಮ್ಮನೇಲಿ ‘ಕೈ ತೊಳ್ಕೊಳ್ಳಿ’ ಅನ್ನಂಗಿಲ್ಲ, ನಮ್ಮೆಜಮಾನ್ರು ಸಿಡುಕ್ತಾರೆ. ‘ತೆನೆ ಹೊತ್ಕೊಂಡು ಬಾ’ ಅಂದ್ರೆ ನನ್ ಮೈದುನ ಎದ್ದೇ ಹೋಯ್ತಾನೆ. ಇಬ್ರುಗೂ ರಾಗಿ ಮುದ್ದೆ ಮಾತ್ರ ಒಂದೇ ತಪ್ಪಲೇಲಿ ಆಗ್ಬೇಕು!”

ಒಂದು ಪಕ್ಷದ ಗುರುತು ಕೈ, ಇನ್ನೊಂದರದ್ದು ತೆನೆ ಹೊತ್ತವಳು ಎಂದು ನಾನು ಎಂಜಿನಿಯರಿಗೆ ಇಂಗ್ಲಿಷಿನಲ್ಲಿ ಬಿಡಿಸಿ ಹೇಳುವಷ್ಟರಲ್ಲಿ ಊಟಕ್ಕೆ ಕೂತವರೆಲ್ಲ ಬಿದ್ದು ಬಿದ್ದು ನಗುತ್ತಿದ್ದರು. ಅರ್ಥವಾದಾಗ ಎಂಜಿನಿಯರೂ ಮೇಜು ಬಡಿದು ನಕ್ಕರು.

ಮತ್ತೆ ಎದ್ದೆ. “ಮುದ್ದೆಯನ್ನು ಅಗಿಯದೆ ನುಂಗಲು ಕಲಿತ ನಮ್ಮ ಅತಿಥಿಗೆ ನಮಸ್ಕಾರ,” ಎಂದೆ. ಚಪ್ಪಾಳೆ ಬಿತ್ತು.

ಹೊರಡುವ ಮುಂಚೆ ಅವರು ಡೈರಿ ತೆರೆದು, ಅಕ್ಕನ ಬಾಯಿಂದ ‘ಕೈ ತೊಳ್ಕೊಳ್ಳಿ’ಯನ್ನು ನಾಲ್ಕು ಸಲ ಹೇಳಿಸಿ ತಮ್ಮ ಲಿಪಿಯಲ್ಲಿ ಬರೆದುಕೊಂಡರು. ಭಾನುವಾರ ಅಣ್ಣನಿಗೆ ಹೇಳಬೇಕಂತೆ.