ತಾನೇ ನಡೆಯುವ ನೆಲ

ಬೆಳಕು ಹರಿಯುವ ಹೊತ್ತು. ಚಿತ್ರೀಕರಣದ ಶೆಡ್ಡಿನೊಳಗೆ ಒಂದು ಮನೆ ನಿಂತಿದೆ. ಮೆಟ್ಟಿಲು ಹತ್ತಿದರೆ ಮಹಡಿಯಿಲ್ಲ, ಕಿಟಕಿ ತೆರೆದರೆ ಬಣ್ಣ ಬಳಿದ ಬಟ್ಟೆ. ನಡುಮನೆಯಲ್ಲಿ ಹೆಂಗಸೊಬ್ಬರು ಮಂಡಿಯೂರಿ ಕೂತು ಹಲಗೆಯ ಸಂದಿಗೆ ಮೈಕು ಇಡುತ್ತಿದ್ದಾರೆ. ಕೈಗಡಿಯಾರವನ್ನು ಬಿಚ್ಚಿ ಹೊರಗಿಟ್ಟು ಬಂದಿದ್ದಾರೆ, ಅದರ ಸದ್ದೂ ಬೇಡವೆಂದು.

"ಉಸಿರಾಡಿ, ಪರವಾಗಿಲ್ಲ. ಕೂತಲ್ಲಿಂದ ಅಲ್ಲಾಡ್ಬೇಡಿ ಅಷ್ಟೇ," ಎನ್ನುತ್ತಾರೆ, ಅವರ ಬಗ್ಗೆ ಬರೆಯಲು ಬಂದ ನನಗೆ.

ಇವರನ್ನು ಎಲ್ಲರೂ ಕರೆಯುವುದು 'ಗೋಡೆಯಕ್ಕ' ಎಂದು. ಸಿನಿಮಾಕ್ಕೆ ಮನೆ ಕಟ್ಟುವವರೂ ಇವರೇ, ಆ ಮನೆಗೆ ಸಂಗೀತ ಕೂಡಿಸುವವರೂ ಇವರೇ. ದೆವ್ವದ ಸಿನಿಮಾ ಎಂದರೆ ನಿರ್ದೇಶಕರು ಹುಡುಕಿಕೊಂಡು ಬರುತ್ತಾರೆ. ಗೋಡೆ ಎಬ್ಬಿಸುವಾಗಲೇ ಅದರ ಹೊಟ್ಟೆಯನ್ನು ಟೊಳ್ಳು ಬಿಟ್ಟು ಒಳಗೆ ತಂತಿ ಎಳೆದಿರುತ್ತಾರೆ. ಚಿತ್ರೀಕರಣ ಮುಗಿದ ಮೇಲೆ ಗೋಡೆಗೆ ಕಿವಿಗೊಟ್ಟು, ಅದೇ ತಂತಿ ಮೀಟಿ ರಾಗ ಹುಡುಕುತ್ತಾರೆ. ಸುಣ್ಣ ಮೆತ್ತಿದ ಬೆರಳಲ್ಲೇ.

"ಅಮ್ಮ ರೆಕಾರ್ಡಿಂಗ್ ಹಾಲ್ ಗುಡಿಸ್ತಿದ್ರು, ಸೋದರಮಾವ ಸೆಟ್ಟಿಗೆ ಬಣ್ಣ ಹೊಡೀತಿದ್ರು. ಶಾಲೆ ಬಿಟ್ಟ ಮೇಲೆ ಅಲ್ಲೊಂದಿಷ್ಟು ಹೊತ್ತು, ಇಲ್ಲೊಂದಿಷ್ಟು ಹೊತ್ತು. ಈಗ ಸಂಗೀತದವರು ನನ್ನನ್ನ ಗಾರೆಯವಳು ಅಂತಾರೆ, ಗಾರೆಯವರು ಸಂಗೀತದವಳು ಅಂತಾರೆ. ಇಬ್ರೂ ಊಟಕ್ಕೆ ಕರೆಯೋದು ಮರ್ತುಬಿಡ್ತಾರೆ!"

ಈ ಮನೆಯ ನೆಲ ಹಾಸಿದವರು ಅವರ ಗಂಡ, ಬಡಗಿ. ಹಲಗೆಗಳ ನಡುವೆ ಕೂದಲೆಳೆಯಷ್ಟು ಜಾಗ ಬಿಡುವುದು ಸೆಟ್ಟಿನ ಕೆಲಸದವರ ರೂಢಿ. ಇಲ್ಲದಿದ್ದರೆ ಬಿಸಿಲಿಗೆ ಮರ ಹಿಗ್ಗಿ ಒಂದಕ್ಕೊಂದು ಉಜ್ಜಿ ಕಿರುಗುಟ್ಟುತ್ತದೆ, ನಟರ ಮಾತು ಕೆಡುತ್ತದೆ. ಈ ಸಲ ಅವರು ಬಿಗಿಯಾಗಿ ಕೂರಿಸಿಬಿಟ್ಟರು.

"ಇಷ್ಟು ವರ್ಷ ಮಾಡಿ ಇದೆಂಥ ಕೆಲ್ಸಾರೀ ಅಂತ ರೇಗಿದೆ. 'ದೆವ್ವದ ಮನೆ ತಾನೇ, ಕಿರುಗುಟ್ಲಿ ಬಿಡೇ. ನಾಳೆ ಬಿಚ್ಚಿ ಸರಿಮಾಡ್ತೀನಿ' ಅಂದ್ರು." ಅಂದು ರಾತ್ರಿ ಮಲಗಿದವರು ಮತ್ತೆ ಏಳಲಿಲ್ಲ.

ಕೆಲಸಕ್ಕೆ ಮರಳಿದ ಮೊದಲ ಬೆಳಿಗ್ಗೆಯೇ ಗೋಡೆಯಕ್ಕನ ಕಿವಿಗೆ ಅದು ಬಿತ್ತು. ಬಿಸಿಲಿಗೆ ತಗಡಿನ ಚಾವಣಿ ಕಾಯುತ್ತ ಬಂದಂತೆ ಹಲಗೆಗಳು ಮೂಲೆಯಿಂದ ಬಾಗಿಲ ಕಡೆಗೆ ಒಂದೊಂದಾಗಿ ಕಿರುಗುಟ್ಟುತ್ತವೆ. ಒಂದು ಗಟ್ಟಿಯಾಗಿ, ಇನ್ನೊಂದು ಮೆಲ್ಲಗೆ. ಬಲಗಾಲು ಊರಿ ಎಡಗಾಲು ಎಳೆಯುತ್ತಿದ್ದ ಬಡಗಿಯ ನಡಿಗೆ.

"ಮರ ಹಿಗ್ಗೋದು ಕಣ್ರೀ, ನಂಗೊತ್ತಿಲ್ವಾ? ಆದ್ರೆ ಆ ಎಡಗಾಲಿನ ವಿಷಯ ಮರಕ್ಕೆ ಯಾರು ಹೇಳಿದ್ರು?"

ಸಿನಿಮಾದ ಕೊನೆಯ ದೃಶ್ಯಕ್ಕೆ ಇದೇ ಸಂಗೀತ ಎಂದು ಅವರು ಪಟ್ಟು ಹಿಡಿದಿದ್ದಾರೆ. ಸದ್ದು ಮಾತ್ರ ಕೈಗೆ ಸಿಕ್ಕಿಲ್ಲ. ಮೊನ್ನೆ ಮೋಡ ಕವಿದು ಮರ ತೆಪ್ಪಗಿತ್ತು. ನಿನ್ನೆ ಹೆಜ್ಜೆ ಶುರುವಾಗುವಷ್ಟರಲ್ಲಿ ಹೊರಗೆ ಲಾರಿಯೊಂದು ಹಾರನ್ ಹೊಡೆಯಿತು. ಇವತ್ತೇ ಕೊನೆ. ಸೆಟ್ಟು ಕೆಡವುವ ಆಳುಗಳು ಹಾರೆ, ಸುತ್ತಿಗೆ ಹಿಡಿದು ಆಗಲೇ ಬಾಗಿಲಲ್ಲಿ ನಿಂತಿದ್ದಾರೆ.

ಗೋಡೆಗಳಿಗೆ ಸುಳ್ಳು ಬಿರುಕು ಬರೆಯುವ ನಾದಿನಿ ಪಿಸುಗುಟ್ಟುತ್ತಾರೆ: "ಅತ್ತಿಗೆ, ಅಣ್ಣ ಯಾವತ್ತು ಹೇಳಿದ ಹೊತ್ತಿಗೆ ಬಂದಿದ್ದ ಹೇಳಿ?"

"ಬಾಯ್ಮುಚ್ಚೇ. ಕೇಳಿಸ್ಕೊಂಡ್ರೆ ಮುನಿಸ್ಕೊಂಡು ಹೊರಟೇಬಿಡ್ತಾರೆ."

ಚಾವಣಿ ಟಣ್ ಎನ್ನುತ್ತದೆ. ಮೂಲೆಯ ಹಲಗೆ ಮೊದಲು. ಆಮೇಲೆ ಅದರ ಪಕ್ಕದ್ದು, ಮೆಲ್ಲಗೆ. ಮತ್ತೊಂದು, ಗಟ್ಟಿಯಾಗಿ. ಸದ್ದು ನಮ್ಮ ನಡುವೆಯೇ ಹಾದುಹೋಗುತ್ತದೆ. ನಾದಿನಿ ಕಾಲು ಮುದುಡಿಕೊಳ್ಳುತ್ತಾರೆ. ಗೋಡೆಯಕ್ಕ ತಲೆಯೆತ್ತುವುದಿಲ್ಲ. ಸದ್ದು ಬಾಗಿಲು ಮುಟ್ಟುವಾಗ ಆಳುಗಳು, ಯಾರೂ ಹೇಳದೆಯೇ, ಎರಡೂ ಪಕ್ಕಕ್ಕೆ ಸರಿದು ದಾರಿ ಬಿಡುತ್ತಾರೆ.

ಹೊಸ್ತಿಲಾಚೆ ಬರೀ ಸಿಮೆಂಟು, ಸದ್ದಾಗಲು ಅಲ್ಲಿ ಮರವಿಲ್ಲ. ಆದರೂ ಎಲ್ಲರೂ ಅತ್ತಲೇ ನೋಡುತ್ತಿದ್ದಾರೆ.

ಗೋಡೆಯಕ್ಕ ಹೆಡ್‌ಫೋನು ಹಾಕಿಕೊಂಡು ಮೊದಲಿಂದ ಕೊನೆಯವರೆಗೆ ಕೇಳುತ್ತಾರೆ. "ಸಿಕ್ತು," ಎಂದು ಏಳುತ್ತಾರೆ. "ಇನ್ನು ಒಡೀರಪ್ಪ." ಆಳುಗಳಿಗೆ ಒಳಗೆ ಕಾಲಿಡಲು ಸ್ವಲ್ಪ ಹೊತ್ತು ಬೇಕಾಗುತ್ತದೆ.

ಇದರ ಮೇಲೆ ಯಾವ ರಾಗ ಕೂಡಿಸುತ್ತೀರಿ ಎಂದು ಕೇಳುತ್ತೇನೆ.

"ಏನೂ ಇಲ್ಲ. ಒಂದೇ ಆಸೆ. ಪರದೆ ಮೇಲೆ 'ಸಂಗೀತ' ಅಂತ ಬರೋ ಕಡೆ ಅವರ ಹೆಸರು ಹಾಕ್ಲಿ. ಬಡಗಿ ಹೆಸರು ಅಲ್ಲಿ ಯಾಕಮ್ಮ ಅಂತ ನಿರ್ದೇಶಕರು ನಿನ್ನೆ ನಕ್ಕರು. ಬಾರಿಸ್ತಿರೋದು ನಾನಲ್ವಲ್ಲ ಸ್ವಾಮಿ, ಅಂದೆ."